ನಗೆಯ ಮರೆಯಲ್ಲೊಂದು ಸಾವು

2011ರಲ್ಲಿ ತೆರೆಕಂಡ ಕೊರಿಯಾದ ‘ಡಿಟೆಕ್ಟಿವ್ ಕೆ’ ಚಿತ್ರದ ನಾಯಕ (ಕಿಮ್ ಮ್ಯುಂಗ್-ಮಿನ್) ಬುದ್ಧಿವಂತನೇನೋ ಹೌದು. ಆದರೆ ಜಂಬಗಾರ, ಅಪಾಯ ಕಂಡೊಡನೆ ಕಾಲಿಗೆ ಬುದ್ಧಿ ಹೇಳುವವ. ಅವನ ಜೊತೆಗಾರ ನಾಯಿ ಮಾರುವ ಸೊ-ಪಿಲ್ (ಓ ದಾಲ್-ಸು). ಇವರಿಬ್ಬರ ಪರದಾಟವನ್ನು ಡಿವಿಡಿಯಲ್ಲಿ ನೋಡುವ ಮನೆಮಂದಿ ನಗದಿರಲಾರರು. (ಕೊಲೆಯ ದೃಶ್ಯಗಳಿವೆ, ಚಿಕ್ಕ ಮಕ್ಕಳು ಮಲಗಿದ ಮೇಲೆ ನೋಡುವುದೊಳಿತು.)

ಕಥೆ ನಡೆಯುವುದು ಜೊಸೊನ್ ಅರಸ ಜೊಂಗ್ಜೊನ (1776–1800) ಕಾಲದಲ್ಲಿ. ಅಧಿಕಾರಿಗಳ ಭ್ರಷ್ಟಾಚಾರವನ್ನು ಬಯಲಿಗೆಳೆಯಲು ಅರಸನು ನಾಯಕನಿಗೆ ಗುಟ್ಟಾಗಿ ಆಜ್ಞಾಪಿಸುತ್ತಾನೆ. ಹೊರನೋಟಕ್ಕೆ ಆತ ಹೊರಡುವುದು, ಗಂಡನ ಹಿಂದೆಯೇ ಪ್ರಾಣಬಿಟ್ಟಳೆನ್ನಲಾದ ವಿಧವೆಯೊಬ್ಬಳ ಸತೀತ್ವವನ್ನು ಪರಿಶೀಲಿಸಲು.

ಚಿತ್ರದ ಜೀವಾಳವಿರುವುದು ಇಲ್ಲಿ. ಅಂಥ ಹೆಣ್ಣಿನ ನೆನಪಿಗೆ ಅಂದು ಅರಸನ ಅಪ್ಪಣೆಯಿಂದ ಕೆಂಪು ದ್ವಾರ ನಿಲ್ಲಿಸುತ್ತಿದ್ದರು. ಅವಳ ಮನೆತನಕ್ಕೆ ಕೀರ್ತಿಯೂ ಸವಲತ್ತುಗಳೂ ದಕ್ಕುತ್ತಿದ್ದವು. ಹೊಗಳಿಕೆ ಸತ್ತವಳಿಗೆ, ಲಾಭ ಉಳಿದವರಿಗೆ! ಹಾಗಿದ್ದಲ್ಲಿ ಆ ಸಾವನ್ನು ಬಯಸಿದವರಾರು? ವಿಷಸಸ್ಯದ ಹೂವೊಂದರ ಜಾಡು ಹಿಡಿದು ನಾಯಕ ಈ ಪ್ರಶ್ನೆಯ ಬಳಿ ಬರುತ್ತಾನೆ. ಉತ್ತರವನ್ನು ಇಲ್ಲಿ ಬಿಚ್ಚಿಡುವುದು ಓದುಗರಿಗೆ ಮಾಡುವ ಅನ್ಯಾಯವಾದೀತು.

ಅದೇ ಹಾದಿಯಲ್ಲಿ ‘ಪಾಶ್ಚಾತ್ಯ ವಿದ್ಯೆ’ಯ ಪ್ರಸ್ತಾಪವೂ ಬರುತ್ತದೆ. ಅದು ಕಥೋಲಿಕ ವಿಶ್ವಾಸಕ್ಕೆ ಅಂದು ಅಲ್ಲಿದ್ದ ಹೆಸರು. ಗುರುಗಳಿಲ್ಲದೆ, ಪುಸ್ತಕಗಳ ಓದಿನಿಂದಲೇ ಅಲ್ಲಿ ಧರ್ಮಸಭೆ ಮೊಳೆಯಿತು. 1784ರಲ್ಲಿ ಯಿ ಸುಂಗ್-ಹುನ್ ಬೀಜಿಂಗ್‌ನಲ್ಲಿ ಜ್ಞಾನಸ್ನಾನ ಪಡೆದು ಮರಳಿದರು. ನಾಯಕನಲ್ಲಿ ವಿದ್ವಾಂಸ ಜೊಂಗ್ ಯಾಕ್-ಯೊಂಗ್‌ರ ಛಾಯೆಯಿದೆ. ಜೊಂಗ್ಜೊನ ನೆಚ್ಚಿನ ಅಧಿಕಾರಿಯಾಗಿದ್ದ ಅವರು 1801ರ ಹಿಂಸಾಚಾರದಲ್ಲಿ ಗಡೀಪಾರಾಗಿ 18 ವರ್ಷ ಕಳೆದರು. ಕೊರಿಯನ್ ಭಾಷೆಯಲ್ಲಿ ಧರ್ಮೋಪದೇಶದ ಪುಸ್ತಕ ಬರೆದ ಅವರ ಅಣ್ಣ ಯಾಕ್-ಜೊಂಗ್ ಅದೇ ವರ್ಷ ಶಿರಚ್ಛೇದಕ್ಕೊಳಗಾದರು. 2014ರ ಆಗಸ್ಟ್ 16ರಂದು ಸೋಲ್‌ನಲ್ಲಿ ಪೋಪ್ ಫ್ರಾನ್ಸಿಸ್ ಪುನೀತರೆಂದು ಸಾರಿದ 124 ರಕ್ತಸಾಕ್ಷಿಗಳಲ್ಲಿ ಅವರೂ ಒಬ್ಬರು.

ಇಷ್ಟು ಭಾರದ ಇತಿಹಾಸವನ್ನು ಹಾಸ್ಯಚಿತ್ರ ಹೊರಬಲ್ಲುದೇ? ಅರ್ಧಮಾತ್ರ ಹೊತ್ತಿದೆ ಎಂದೇ ನನ್ನ ಅಭಿಪ್ರಾಯ. ನಿರ್ದೇಶಕ ಕಿಮ್ ಸೊಕ್-ಯೂನ್ ಓಟ, ಬೀಳಾಟಗಳಿಗೆ ಕೊಟ್ಟ ಸಮಯವನ್ನು ಆ ವಿಧವೆಯ ಅಂತರಂಗಕ್ಕೆ ಕೊಟ್ಟಿಲ್ಲ. ವಿಶ್ವಾಸ ಅವಳಲ್ಲಿ ಏನನ್ನು ಬದಲಿಸಿತೆಂಬುದು ಕೆಲವೇ ಮಾತುಗಳಲ್ಲಿ ಮುಗಿದುಹೋಗುತ್ತದೆ. ಅಡಿಬರಹ ಓದುವಷ್ಟರಲ್ಲಿ ದೃಶ್ಯವೇ ದಾಟಿರುತ್ತದೆ. ಮನೆಯಲ್ಲಿ ನೋಡುವವರಿಗೆ ಹಿಂದಕ್ಕೆ ಸರಿಸಿ ಮತ್ತೊಮ್ಮೆ ನೋಡುವ ಅನುಕೂಲವಿದೆ. ಆ ಭಾಗಗಳನ್ನು ಹಾಗೆಯೇ ನೋಡಬೇಕು. ಮುಂದುವರಿದ ಭಾಗಗಳು 2015 ಮತ್ತು 2018ರಲ್ಲಿ ಬಂದವು. ಕೊನೆಯದರಲ್ಲಂತೂ ರಕ್ತಪಿಶಾಚಿಗಳ ಕಥೆ. ಬಿಡುವು ಒಂದೇ ಸಂಜೆಯದಾದರೆ ಮೊದಲನೆಯದೇ ಸಾಕು.