ಮೇರಿ ಮೆಂಕನ್ ಕೈಯಲ್ಲಿನ ಬೋಲೆಕ್ಸ್

ಕ್ಯಾಮೆರಾ ಹಿಡಿದವರ ಕೈ ಅಲುಗಬಾರದು ಎನ್ನುತ್ತಾರೆ. ನ್ಯೂಯಾರ್ಕಿನ ಮೇರಿ ಮೆಂಕನ್ ಆ ಅಲುಗಾಟವನ್ನೇ ಕಲೆಯಾಗಿಸಿದರು. ಮೂಲತಃ ಚಿತ್ರಕಲಾವಿದೆ, ಹೊಟ್ಟೆಪಾಡಿಗೆ ಟೈಮ್ ಪತ್ರಿಕೆಯವರಲ್ಲಿ ರಾತ್ರಿಪಾಳಿ. 1945ರಲ್ಲಿ ತೆಗೆದ ಮೊದಲ ಸಿನಿಮಾದಲ್ಲಿ ಇಸಾಮು ನೊಗುಚಿಯ ಶಿಲ್ಪಗಳು ನಿಂತಲ್ಲೇ ನಿಂತಿವೆ, ಕುಣಿಯುವುದು ಕ್ಯಾಮೆರಾ.

ಆಕೆಯ 16 ಎಂಎಂ ಬೋಲೆಕ್ಸ್ ಕ್ಯಾಮೆರಾಕ್ಕೆ ಗಡಿಯಾರದಂತೆ ಕೀ ಕೊಡಬೇಕು. ಒಮ್ಮೆ ತಿರುಗಿಸಿದರೆ ಅರ್ಧ ನಿಮಿಷವೂ ಓಡದು. ಅಷ್ಟರೊಳಗೆ ಹೇಳುವುದನ್ನು ಹೇಳಿ ಮುಗಿಸಬೇಕು. 1957ರ ‘ಗ್ಲಿಂಪ್ಸ್ ಆಫ್ ದಿ ಗಾರ್ಡನ್’ ನೋಡಿ: ಬರೀ ಐದು ನಿಮಿಷ, ಹಿನ್ನೆಲೆಗೆ ಹಕ್ಕಿಗಳ ದನಿ. ಲೆನ್ಸು ಹೂವಿನ ಮೈಗೆ ಎಷ್ಟು ಹತ್ತಿರ ಹೋಗುತ್ತದೆಂದರೆ ದಳ ದಳವಾಗಿ ಉಳಿಯದೆ ಬರೀ ಬಣ್ಣವಾಗುತ್ತದೆ. ಮರುಕ್ಷಣ ಸರ್ರನೆ ಹುಲ್ಲುಹಾಸು ದಾಟಿ ಇನ್ನೊಂದು ಗಿಡ. ಆ ಓಟದಲ್ಲಿ ನೋಡುವವಳ ಮೈಯೇ ಗೊತ್ತಾಗುತ್ತದೆ. ಬಗ್ಗಿದ್ದು, ಹೊರಳಿದ್ದು, ಇನ್ನೇನೋ ಕಂಡು ತಟ್ಟನೆ ತಿರುಗಿದ್ದು.

‘ಲೈಟ್ಸ್’ ಚಿತ್ರದಲ್ಲಿ ಕ್ರಿಸ್‌ಮಸ್ ದೀಪಗಳನ್ನು ರಾತ್ರಿ ಜನ ಕಡಿಮೆಯಾದ ಮೇಲೆ ಹಿಡಿದರು. ಶಟರ್ ತೆರೆದಿರುವಾಗಲೇ ಕ್ಯಾಮೆರಾ ಸರಿದರೆ ಬಲ್ಬಿನ ಚುಕ್ಕಿ ಗೆರೆಯಾಗಿ ಚಾಚುತ್ತದೆ. ಕತ್ತಲೆಯೇ ಕ್ಯಾನ್ವಾಸು. ಕಂಪ್ಯೂಟರ್ ಗ್ರಾಫಿಕ್ಸ್ ಬಂದ ಮೇಲೂ ಇಷ್ಟು ಜೀವಂತ ಗೆರೆ ನಾನು ಕಂಡಿದ್ದು ಅಪರೂಪ.

ಪ್ರಯೋಗಶೀಲ ಸಿನಿಮಾದಲ್ಲಿ ಸ್ಟ್ಯಾನ್ ಬ್ರಾಕೇಜ್‌ನಂಥ ದೊಡ್ಡ ಹೆಸರಿನವನೇ ಆಕೆಯಿಂದ ಕಲಿತೆನೆಂದು ಒಪ್ಪಿಕೊಂಡಿದ್ದಾನೆ. 1970ರಲ್ಲಿ ತೀರಿಕೊಂಡ ಮೆಂಕನ್‌ರನ್ನು ಮಾತ್ರ ಬಹಳ ಜನ ಆಂಡಿ ವಾರ್ಹಾಲ್‌ನ ಚಿತ್ರದಲ್ಲಿ ನಟಿಸಿದಾಕೆ ಎಂದಷ್ಟೇ ಬಲ್ಲರು.