ಮಂದೆಯ ಹೆಜ್ಜೆಗೆ ಕಾಯುವ ಕ್ಯಾಮೆರಾ

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಯ ತೆಂಗಿನ ತೋಟದವರಿಗೆ ಕುರಿಮಂದೆಯ ಬೆಲೆ ಗೊತ್ತು. ರಾತ್ರಿ ತೋಟದಲ್ಲಿ ಮಂದೆ ಹಾಕಿಸಿದರೆ ಹಿಕ್ಕೆ, ಗಂಜಲ ನೇರವಾಗಿ ಮರದ ಬುಡಕ್ಕೇ ಸೇರುತ್ತವೆ. ಗೊಬ್ಬರ ಉಳಿಯುತ್ತದೆ, ಕುರಿಗಾರರು ಮುಂದಿನ ಊರಿಗೆ ಹೊರಡುತ್ತಾರೆ. ಹೀಗೆ ಬಂದುಹೋಗುವವರನ್ನು ತೆರೆಯ ಮೇಲೆ ಹಿಡಿಯುವುದು ಸುಲಭವಲ್ಲ. ಅದಕ್ಕೆ ಬೇಕಾದದ್ದು ವೇಷಭೂಷಣಕ್ಕಿಂತ ಹೆಚ್ಚಾಗಿ ಕಾಯುವ ತಾಳ್ಮೆ. 2015ರ ಎರಡು ಚಿತ್ರಗಳಲ್ಲಿ ಆ ತಾಳ್ಮೆ ಇದೆ. ಟಿಬೆಟಿನ ನಿರ್ದೇಶಕ ಪೆಮಾ ತ್ಸೆದೆನ್ ಅವರ 'ಥಾರ್ಲೊ' ಕಪ್ಪುಬಿಳುಪಿನ ನೀಳ ಶಾಟ್‌ಗಳ ಚಿತ್ರ. ಗುರುತಿನ ಚೀಟಿಗೆಂದು ಪಟ್ಟಣಕ್ಕೆ ಬಂದ ಕುರಿಗಾಹಿಯನ್ನು ಅದು ಕ್ಷೌರದಂಗಡಿಯ ಕನ್ನಡಿಯೊಳಗೆ ತೋರಿಸುತ್ತದೆ. ಅವನ ಪರಕೀಯತೆಗೆ ಬೇರೆ ಮಾತೇ ಬೇಕಿಲ್ಲ. ರಾಮ್ ರೆಡ್ಡಿಯವರ 'ತಿಥಿ'ಯಲ್ಲಿ ಗಡ್ಡಪ್ಪ ತನ್ನ ಹಳೆಯ ನೋವನ್ನು ಬಿಚ್ಚಿಡುವುದು ಮನೆಯವರ ಮುಂದಲ್ಲ, ಅಲೆಮಾರಿ ಕುರಿಗಾರರು ಹಾಕಿದ ಬೆಂಕಿಯ ಪಕ್ಕದಲ್ಲಿ. ಎಂಥ ಸೂಕ್ಷ್ಮ ಆಯ್ಕೆ ಅದು!

'ತಿಥಿ' ನೆಲೆನಿಂತ ರೈತರ ಕಥೆ, ಕುರಿಗಾರರು ಅದರ ಅಂಚಿನಲ್ಲಷ್ಟೇ ಇದ್ದಾರೆ ಎನ್ನಬಹುದು. ನಿಜ. ಆದರೆ ಊರು ಅವರನ್ನು ಕಾಣುವುದೇ ಅಂಚಿನಲ್ಲಿ; ಚಿತ್ರ ಆ ಜಾಗವನ್ನು ಸುಳ್ಳು ಮಾಡಿಲ್ಲ. ಹೊರಗಿನವರ ಕಣ್ಣು ಎಂಬ ಆಕ್ಷೇಪವೂ ನಿಲ್ಲದು: ರೆಡ್ಡಿಯವರ ಜೊತೆಗೂಡಿ ಕಥೆ ಬರೆದ ಈರೇಗೌಡರು ಮಂಡ್ಯದ ನೊದೆಕೊಪ್ಪಲಿನವರು, ನಟಿಸಿದವರು ಹಳ್ಳಿಯ ಜನ. ಆದ್ದರಿಂದಲೇ ಅಲ್ಲಿ ಯಾರೂ ಕ್ಯಾಮೆರಾಗಾಗಿ ನಡೆಯುವುದಿಲ್ಲ. ಕುರಿಗಳ ಹಿಂದೆ, ಕುರಿಗಳಷ್ಟೇ ನಿಧಾನವಾಗಿ ನಡೆಯುತ್ತಾರೆ.