ಒಕ್ಕದಿಂದ ಮಹಾನಗರಕ್ಕೆ

ಸಮಾಜಶಾಸ್ತ್ರವನ್ನು ಹೊಸದಾಗಿ ಅಭ್ಯಸಿಸುವವನ ಕೈಗೆ ಕೋಂತ್, ಮಾರ್ಕ್ಸ್, ದುರ್ಖೀಮ್, ವೇಬರ್ ಎಂಬ ನಾಮಾವಳಿಯನ್ನು ಕೊಡುವುದು ವಾಡಿಕೆ. ಹೆಸರುಗಳು ಕಂಠಸ್ಥವಾಗುತ್ತವೆ, ಶಾಸ್ತ್ರವು ಹೊರಗೇ ನಿಲ್ಲುತ್ತದೆ. ಕನ್ನಡಿಗನಿಗೆ ಇದಕ್ಕಿಂತ ಹತ್ತಿರದ ಬಾಗಿಲೊಂದುಂಟು: ಮೈಸೂರಿನಲ್ಲಿ 1916ರಲ್ಲಿ ಜನಿಸಿದ ಎಂ. ಎನ್. ಶ್ರೀನಿವಾಸರು ಕೊಡವರ ಧರ್ಮ ಮತ್ತು ಸಮಾಜವನ್ನು ಕುರಿತು ಬರೆದು 1952ರಲ್ಲಿ ಪ್ರಕಟಿಸಿದ ಇಂಗ್ಲಿಷ್ ಗ್ರಂಥ.

ಈ ಗ್ರಂಥದ ಜೀವಾಳ ‘ಒಕ್ಕ’. ಒಬ್ಬ ಮೂಲಪುರುಷನಿಂದ ಇಳಿದುಬಂದ, ಪಿತೃಪರಂಪರೆಯ ಅವಿಭಕ್ತ ಕುಟುಂಬ. ಮದುವೆ, ಸಾವು, ಪಿತೃಪೂಜೆಗಳ ವಿಧಿಗಳು ಒಕ್ಕದ ಒಗ್ಗಟ್ಟನ್ನು ಮರಳಿ ಮರಳಿ ಬಿಗಿಯುವುದನ್ನು ಶ್ರೀನಿವಾಸರು ತಾಳ್ಮೆಯಿಂದ ತೋರಿಸುತ್ತಾರೆ. ಇದು ದುರ್ಖೀಮನ ವಿಚಾರವೇ. ಆಕ್ಸ್‌ಫರ್ಡಿನ ಗುರು ರ‍್ಯಾಡ್‌ಕ್ಲಿಫ್-ಬ್ರೌನರ ಮೂಲಕ ಬಂದುದು. ಆದರೆ ಇಲ್ಲಿ ಅದು ಐನ್‌ಮನೆಯ ನಡುವೆ ನಿಂತು ಮಾತನಾಡುತ್ತದೆ. ಗ್ರಂಥದಲ್ಲಿ ಕಲಹಕ್ಕೆ ಎಡೆ ಕಡಮೆ ಎಂಬುದನ್ನೂ ಹೇಳಲೇಬೇಕು.

ಇದೇ ಗ್ರಂಥದಿಂದ ‘ಸಂಸ್ಕೃತೀಕರಣ’ವೆಂಬ ಮಾತು ಪ್ರಸಿದ್ಧವಾಯಿತು. ಕೆಳಗಿನ ಜಾತಿಯು ಮೇಲಿನವರ ಆಚಾರ, ಆಹಾರನಿಯಮಗಳನ್ನು ಕೈಕೊಂಡು ಶ್ರೇಣಿಯಲ್ಲಿ ಏರಲೆತ್ನಿಸುವ ಕ್ರಮವಿದು. ಮಾತು ಎಷ್ಟು ಅನುಕೂಲವೋ ಅಷ್ಟೇ ಅಪಾಯಕರ. ಏರುವವನ ಉಡುಗೆಯನ್ನು ಅದು ಬಣ್ಣಿಸುತ್ತದೆ, ಏಣಿ ಯಾರ ಹೊಲದಲ್ಲಿದೆಯೆಂದು ಹೇಳುವುದಿಲ್ಲ. ಮುಂದೆ ಶ್ರೀನಿವಾಸರೇ ‘ಪ್ರಬಲ ಜಾತಿ’ಯ ಕಲ್ಪನೆಯನ್ನು ಮಂಡಿಸಿ, ಭೂಮಿ ಮತ್ತು ಸಂಖ್ಯಾಬಲಗಳನ್ನು ಲೆಕ್ಕಕ್ಕೆ ತಂದರು.

ಈ ಕೊರತೆಯನ್ನು ತುಂಬಲು ಬಂಗಾಳದ ನಿರ್ಮಲ ಕುಮಾರ ಬೋಸರನ್ನು ಜೊತೆಗಿಟ್ಟು ಓದಬೇಕು. ಹಿಂದೂ ಸಮಾಜವು ಗಿರಿಜನರನ್ನು ಒಳಗೊಂಡ ಬಗೆಯನ್ನು ಕುರಿತ ಅವರ ಪ್ರಬಂಧ 1941ರಲ್ಲಿ ‘ಸೈನ್ಸ್ ಅಂಡ್ ಕಲ್ಚರ್’ ಪತ್ರಿಕೆಯಲ್ಲಿ ಬಂದಿತು. (ಆ ಪತ್ರಿಕೆಯನ್ನು ಸ್ಥಾಪಿಸಿದ ಮೇಘನಾದ ಸಾಹಾರ ಹೆಸರನ್ನೇ ಸದರ್ನ್ ಅವೆನ್ಯೂ ಇಂದು ಧರಿಸಿದೆ, ಹಳೆಯ ಹೆಸರು ಮಾತ್ರ ಬಾಯಿಂದ ಹೋಗಿಲ್ಲ.) ಸ್ಪರ್ಧೆಯಿಲ್ಲದ ವಂಶಪಾರಂಪರ್ಯದ ವೃತ್ತಿಯೇ ಜಾತಿ ಕೊಟ್ಟ ಆಶ್ವಾಸನೆ ಎಂಬುದು ಬೋಸರ ವಾದ. ಶ್ರೀನಿವಾಸರು ಪೂಜೆಯನ್ನು ನೋಡಿದೆಡೆ ಬೋಸರು ಅನ್ನವನ್ನು ನೋಡಿದರು.

ಅದೇ ಬೋಸರು ಕಲ್ಕತ್ತೆಯ ಸಾಮಾಜಿಕ ಸಮೀಕ್ಷೆಯನ್ನು 1968ರಲ್ಲಿ ಪ್ರಕಟಿಸಿ, ಭಾಷೆ ಮತ್ತು ಕಸುಬುಗಳನ್ನು ಹಿಡಿದು ಜನ ಬೇರೆ ಬೇರೆಯಾಗಿಯೇ ನೆಲೆಸಿರುವುದನ್ನು ತೋರಿಸಿದರು. ಲೇಕ್ ಮಾರ್ಕೆಟ್ಟಿನ ಸುತ್ತ ಮನೆ ಮಾಡಿದ ದಕ್ಷಿಣದವರಿಗೆ ಇದು ಹೊಸ ಸಂಗತಿಯಲ್ಲ. ಆದರೆ ಸದರ್ನ್ ಅವೆನ್ಯೂವಿನ ಕನ್ನಡ ನೌಕರನಿಗೆ ಕೆಲಸ ಬಂದುದು ಪರೀಕ್ಷೆಯಿಂದ, ಕುಲವೃತ್ತಿಯಿಂದಲ್ಲ. ಮಗಳಿಗೆ ವರ ನೋಡುವಾಗ ಮಾತ್ರ ವಿಚಾರಣೆ ಊರಿಗೇ, ಸ್ವಜಾತಿಗೇ ಹೋಗುತ್ತದೆ. ವೃತ್ತಿ ಕಳಚಿದ ಮೇಲೂ ಜಾತಿ ಉಳಿದುದೇಕೆಂಬ ಪ್ರಶ್ನೆಗೆ 1941ರ ಪ್ರಬಂಧದ ಆಧಾರ ಸಾಲದು. ಒಕ್ಕವು ಒಡೆದು ಬಾಡಿಗೆಮನೆಗೆ ಬಂದ ಬಳಿಕ 1952ರ ಗ್ರಂಥದ್ದೂ ಸಾಲದು.